ಸ್ಕ್ರೀನ್‌ಶಾಟ್ ಇದ್ದರೆ ಸಾಲದೇ?

‘ಇಂಟರ್ನೆಟ್ಟಿನ ಮೊದಲ ದಿನಗಳ ಬಗ್ಗೆ ಸಾಕ್ಷ್ಯಚಿತ್ರ ಅಂದರೆ ತೋರಿಸುವುದೇನನ್ನು? ಹಳೇ ಪುಟಗಳ ಸ್ಕ್ರೀನ್‌ಶಾಟ್ ಹಾಕಿದರೆ ಆಗಲ್ವಾ?’ ಪದೇ ಪದೇ ಬರುವ ಪ್ರಶ್ನೆ ಇದು.

ಆಗುವುದಿಲ್ಲ. ಕಾಯುವುದು ಸ್ಕ್ರೀನ್‌ಶಾಟಿನಲ್ಲಿ ಕಾಣುವುದಿಲ್ಲ. 1995ರ ಆಗಸ್ಟ್ 15ರಂದು ಸರ್ಕಾರಿ ದೂರಸಂಪರ್ಕ ಕಂಪನಿ ವಿಎಸ್ಎನ್ಎಲ್ ಜನಸಾಮಾನ್ಯರಿಗೆ ಇಂಟರ್ನೆಟ್ ತೆರೆದಾಗ ಡಯಲ್‌ಅಪ್ ವೇಗ 9.6 ಕೆಬಿಪಿಎಸ್, ಅಂದರೆ ಫೋನ್ ತಂತಿಯಲ್ಲಿ ಸೆಕೆಂಡಿಗೆ ಸುಮಾರು 1.2 ಕೆಬಿ. 50 ಕೆಬಿಯ ಒಂದು ಚಿತ್ರ ಇಳಿಯಲು ಹತ್ತಿರ ಹತ್ತಿರ ಮುಕ್ಕಾಲು ನಿಮಿಷ. ಅದು ನೋಡುವವರಿಗೆ ತಟ್ಟಬೇಕಾದರೆ ಹಳೆಯ ಬ್ರೌಸರನ್ನು ಅಂದಿನ ಪಿಕ್ಚರ್ ಟ್ಯೂಬಿನ ಸಿಆರ್‌ಟಿ ಮಾನಿಟರಿನಲ್ಲಿ ಓಡಿಸಿಯೇ ಚಿತ್ರೀಕರಿಸಬೇಕು.

ಅಲ್ಲಿ ಮೊದಲು ಕಾಡುವುದು ಉರುಳುವ ಪಟ್ಟೆ. ಸಿಆರ್‌ಟಿ ಚಿತ್ರವನ್ನು ಗೆರೆ ಗೆರೆಯಾಗಿ ಬರೆಯುತ್ತದೆ. ಪರದೆ 60 ಹರ್ಟ್ಸ್‌ನಲ್ಲಿದ್ದು (ಅಂದರೆ ಸೆಕೆಂಡಿಗೆ 60 ಸಲ ಬರೆಯುತ್ತಿದ್ದು) ಕ್ಯಾಮೆರಾದ ಶಟರ್ 1/50 ಸೆಕೆಂಡು ತೆರೆದಿದ್ದರೆ, ಒಂದು ಫ್ರೇಮಿನ ಅವಧಿಯಲ್ಲಿ ಪರದೆಯ ಸ್ವಲ್ಪ ಭಾಗ ಎರಡು ಸಲ ಬರೆಯಲ್ಪಟ್ಟು ಹೆಚ್ಚು ಬೆಳಗುತ್ತದೆ. ನಮ್ಮಲ್ಲಿ ಸೆಕೆಂಡಿಗೆ 25 ಫ್ರೇಮಿನಲ್ಲಿ ತೆಗೆಯುವವರಿಗೆ ಸುಲಭ ದಾರಿ ಇದು: ಮಾನಿಟರನ್ನು 800×600ರಲ್ಲಿ 75 ಹರ್ಟ್ಸ್‌ಗೆ ಇಟ್ಟು ಶಟರ್ 1/75 ಮಾಡಿ. 75 ಅನ್ನು 25 ಸರಿಯಾಗಿ ಭಾಗಿಸುವುದರಿಂದ ಪಟ್ಟೆ ಉರುಳುವುದಿಲ್ಲ. ವಿಂಡೋಸಿಗೂ ಹಿಂದಿನ, ಬರೀ ಅಕ್ಷರಗಳ ಡಾಸ್ ಪರದೆಯದು 70 ಹರ್ಟ್ಸ್. ಅದಕ್ಕೆ ಕ್ಯಾಮೆರಾದಲ್ಲಿ ‘ಕ್ಲಿಯರ್ ಸ್ಕ್ಯಾನ್’ (ಶಟರನ್ನು ಪರದೆಯ ವೇಗಕ್ಕೆ ಹೊಂದಿಸುವ ಸೌಲಭ್ಯ) ಇರಲೇಬೇಕು. ಕೋಣೆಯ ಟ್ಯೂಬ್‌ಲೈಟ್ ಆರಿಸಿ, ಇಲ್ಲವಾದರೆ ಅದರ ಪಟ್ಟೆ ಬೇರೆ ಸೇರಿಕೊಳ್ಳುತ್ತದೆ. ಪರದೆ ನೀಲಿ ಹೊಡೆದರೆ ಮಾನಿಟರ್ ಮೆನುವಿನಲ್ಲಿ ಬಣ್ಣದ ತಾಪಮಾನ 9300 ಕೆಲ್ವಿನ್ ಇರುವುದನ್ನು 6500ಕ್ಕೆ ಇಳಿಸಿ. ಅಲೆಅಲೆಯಾದ ವಿನ್ಯಾಸ (ಮೊಯ್ರೆ) ಕಂಡರೆ ಫೋಕಸ್ ಕೂದಲೆಳೆಯಷ್ಟು ಕದಲಿಸಿ, ಇಲ್ಲವೇ ಕ್ಯಾಮೆರಾವನ್ನು ಸ್ವಲ್ಪ ಹಿಂದೆ ಸರಿಸಿ. ಗಾಜಿನಲ್ಲಿ ಕ್ಯಾಮೆರಾದ ಪ್ರತಿಬಿಂಬ ಬೀಳದಂತೆ ಕ್ಯಾಮೆರಾಗೆ ಕಪ್ಪು ಬಟ್ಟೆ ಹೊದಿಸಿದರೆ ಸಾಕು.

ಇನ್ನು ಪುಟಗಳು. ಹಳೆಯ ವೆಬ್ ಪುಟಗಳನ್ನು ಕೂಡಿಡುವ ತಾಣ ವೇಬ್ಯಾಕ್ ಮಷೀನ್‌ನಲ್ಲಿ 1996ಕ್ಕಿಂತ ಹಿಂದಿನ ಸಂಗ್ರಹವಿಲ್ಲ. ಇರುವುದನ್ನೂ ಕಣ್ಣುಮುಚ್ಚಿ ನಂಬಬೇಡಿ: ಪುಟ 1997ರದ್ದು, ಅದರೊಳಗಿನ ಚಿತ್ರ 1999ರದ್ದು ಆಗಿರಬಹುದು, ಯಾಕೆಂದರೆ ಎರಡನ್ನೂ ಬೇರೆ ಬೇರೆ ದಿನ ಉಳಿಸಿರುತ್ತಾರೆ. ಪ್ರತಿ ಚಿತ್ರದ ವಿಳಾಸದಲ್ಲಿರುವ 14 ಅಂಕೆಗಳನ್ನು ನೋಡಿ. ವರ್ಷ, ತಿಂಗಳು, ದಿನ, ಗಂಟೆ, ನಿಮಿಷ, ಸೆಕೆಂಡು ಎಲ್ಲ ಅಲ್ಲೇ ಇದೆ. ಕಡತಗಳನ್ನೆಲ್ಲ ಇಳಿಸಿಕೊಂಡು ಪಕ್ಕದ ಕಂಪ್ಯೂಟರಿನಲ್ಲಿ ಸಣ್ಣ ಸರ್ವರ್ ಮಾಡಿ, ಅಲ್ಲಿಂದ ಅಂದಿನ ಬ್ರೌಸರ್ ನೆಟ್‌ಸ್ಕೇಪಿಗೆ ಉಣಿಸಿ. ಇಂದಿನ ಸುರಕ್ಷಿತ ಕೊಂಡಿಗಳನ್ನು ತೆರೆಯುವ ಶಕ್ತಿ ಅದಕ್ಕಿಲ್ಲ. ಸರ್ವರಿನ ವೇಗವನ್ನೂ 9.6ಕ್ಕೆ ಕಟ್ಟಿಹಾಕಿ. ಅಂದಹಾಗೆ, ಆರ್ಕೈವ್‌ನಲ್ಲಿ ಸಿಕ್ಕಿದ ಮಾತ್ರಕ್ಕೆ ಹಕ್ಕು ಸಿಕ್ಕಂತಲ್ಲ. ಅನುಮತಿ ಕೇಳಬೇಕಾದದ್ದು ಪುಟದ ಒಡೆಯರನ್ನು.

ಕನ್ನಡದ ಹಳೆಯ ತಾಣಗಳಿಗೆ ಬೇರೆಯದೇ ತಲೆನೋವು. ವಿಂಡೋಸಿನಲ್ಲಿ ಕನ್ನಡ ಯುನಿಕೋಡ್ (ಪ್ರತಿ ಅಕ್ಷರಕ್ಕೂ ಎಲ್ಲೆಡೆ ಒಂದೇ ಸಂಕೇತ ಕೊಡುವ ವ್ಯವಸ್ಥೆ) ನೆಲೆಯಾದದ್ದು 2001ರ ಎಕ್ಸ್‌ಪಿಯಿಂದ. ಅದಕ್ಕೂ ಮುಂಚೆ ಇಂಗ್ಲಿಷ್ ಅಕ್ಷರಗಳ ಜಾಗದಲ್ಲಿ ಕನ್ನಡ ಅಕ್ಷರದ ತುಂಡುಗಳನ್ನು ಕೂರಿಸಿದ ಫಾಂಟುಗಳಿದ್ದವು. ಆ ಫಾಂಟ್ ಇಲ್ಲದೆ ತೆರೆದರೆ ಅರ್ಥವಿಲ್ಲದ ಇಂಗ್ಲಿಷ್ ಗೀಚು ಮಾತ್ರ. ಅದನ್ನು ಯುನಿಕೋಡಿಗೆ ಬದಲಿಸಿ ತೋರಿಸುವವರಿದ್ದಾರೆ. ಓದಲು ಬರುತ್ತದೆ, ಆದರೆ ಅಂದಿನ ಒತ್ತಕ್ಷರದ ಆಕಾರವಾಗಲಿ, ಸಾಲುಗಳ ನಡುವಿನ ಅಂತರವಾಗಲಿ ಉಳಿಯುವುದಿಲ್ಲ. ಮೂಲ ಫಾಂಟನ್ನೇ ಹುಡುಕಿ ಹಾಕಿ.

ಕೊನೆಗೆ ಸದ್ದು. 1995ರ ದೃಶ್ಯಕ್ಕೆ 56 ಕೆ ವೇಗದ ಮೋಡೆಮ್ (ಕಂಪ್ಯೂಟರನ್ನು ಫೋನ್ ತಂತಿಗೆ ಜೋಡಿಸುವ ಸಾಧನ) ಮಾಡುವ ಕಿರುಚಾಟ ಅಂಟಿಸುವುದು ಎಲ್ಲೆಲ್ಲೂ ಕಾಣುವ ತಪ್ಪು. ಅದರ ವಿ.90 ಮಾನಕ ಬಂದದ್ದೇ 1998ರಲ್ಲಿ. 9.6 ಮೋಡೆಮಿನ ಸದ್ದು ಅದಕ್ಕಿಂತ ಚಿಕ್ಕದು, 56 ಕೆಯ ‘ಡೊಂಯ್’ ಅದರಲ್ಲಿಲ್ಲ.