ಪಾಪ್-ಅಪ್ ಬರುತ್ತಿದ್ದದ್ದು ಆಪ್‌ನಿಂದಲ್ಲ, ಸಿಮ್ಮಿನಿಂದ

ನಿಂತಿತು. ದೊಡ್ಡಮ್ಮನ ಫೋನಿನಲ್ಲಿ ಹೊತ್ತು ಗೊತ್ತಿಲ್ಲದೆ ಬಂದು ಕೂರುತ್ತಿದ್ದ ಆ ಬೂದು ಬಣ್ಣದ ಪಾಪ್-ಅಪ್ ಕೊನೆಗೂ ನಿಂತಿತು. ಕ್ರಿಕೆಟ್ ಸ್ಕೋರ್ ಬೇಕಾ, ರಾಶಿಫಲ ಬೇಕಾ, ಕಾಲರ್ ಟ್ಯೂನ್ ಬೇಕಾ ಅಂತ ಕೇಳುತ್ತಿತ್ತಲ್ಲ, ಅದೇ. ಕೆಳಗೆ ಓಕೆ, ಕ್ಯಾನ್ಸಲ್ ಅಂತ ಎರಡು ಬಟನ್. ಯಾರಿಗೋ ಫೋನ್ ಮಾಡೋಣ ಅಂತ ನಂಬರ್ ಹುಡುಕಿ ಬೆರಳು ಇಡುವಷ್ಟರಲ್ಲಿ ಅದು ಮೇಲೆ ಬಂದಿರುತ್ತಿತ್ತು, ಬೆರಳು ಓಕೆ ಮೇಲೆ ಬೀಳುತ್ತಿತ್ತು, ಕರೆನ್ಸಿ ಹೋಗುತ್ತಿತ್ತು. ಇದರ ಹಿಂದೆ ನಾನು ಇಷ್ಟು ಹಟ ಹಿಡಿದು ಬಿದ್ದದ್ದು ಅದಕ್ಕೇ. ಎಪ್ಪತ್ತು ದಾಟಿದವರ ರೀಚಾರ್ಜ್ ದುಡ್ಡನ್ನು ಹೀಗೆ ಕಿತ್ತುಕೊಳ್ಳುವುದನ್ನು ನೋಡಿಕೊಂಡು ಸುಮ್ಮನಿರಲು ನನ್ನಿಂದ ಆಗಲ್ಲ.

ಫೋನಿನ ಜೊತೆ ಬಂದ ಆಪ್‌ಗಳ ಕತೆ ಬೇಗ ಮುಗಿಸುತ್ತೇನೆ, ನಿಮಗೆಲ್ಲ ಗೊತ್ತಿರುವುದೇ. ಸೆಟಿಂಗ್ಸ್‌ನ ಡೆವಲಪರ್ ಆಪ್ಷನ್‌ನಲ್ಲಿ ಯುಎಸ್‌ಬಿ ಡಿಬಗಿಂಗ್ ಆನ್ ಮಾಡಿ, ಎಡಿಬಿ ಅನ್ನುವ ಟೂಲ್‌ನಿಂದ ಕಂಪ್ಯೂಟರಿನಲ್ಲಿ ಕೂತೇ ಫೋನಿಗೆ ಕಮಾಂಡ್ ಕೊಡುವುದು. ಮೊದಲು ಎಲ್ಲ ಪ್ಯಾಕೇಜ್‌ಗಳ, ಅಂದರೆ ಆಪ್‌ಗಳ, ಪಟ್ಟಿಯನ್ನು ಫೈಲ್‌ಗೆ ಬರೆದಿಟ್ಟುಕೊಂಡೆ, ಆಮೇಲೆ ಪಿಎಂ ಅನ್‌ಇನ್‌ಸ್ಟಾಲ್ ಕಮಾಂಡ್‌ಗೆ ಯೂಸರ್ 0 (ಫೋನಿನ ಮೊದಲ ಬಳಕೆದಾರ) ಸೇರಿಸಿ ಒಂದೊಂದಾಗಿ ತೆಗೆದೆ. ಗೇಮ್‌ಗಳು, ನ್ಯೂಸ್ ಫೀಡ್, ಲಾಕ್ ಸ್ಕ್ರೀನ್ ಜಾಹೀರಾತು, ಕಂಪನಿಯದ್ದೇ ಆಪ್ ಸ್ಟೋರ್, ಸಿಮ್ ಕಂಪನಿಯ ಹಾಡಿನ ಆಪ್, ಎಲ್ಲ ಹೋದವು. ಹೀಗೆ ತೆಗೆದ ಆಪ್ ಸಿಸ್ಟಮ್ ಪಾರ್ಟಿಷನ್‌ನಲ್ಲಿ ಹಾಗೇ ಇರುತ್ತೆ, ಆ ಒಬ್ಬ ಯೂಸರ್‌ಗೆ ಮಾತ್ರ ಇಲ್ಲವಾಗುತ್ತೆ. ಬೇಕಾದರೆ ಇನ್‌ಸ್ಟಾಲ್-ಎಕ್ಸಿಸ್ಟಿಂಗ್ ಹೊಡೆದು ವಾಪಸ್ ತರಬಹುದು, ಫ್ಯಾಕ್ಟರಿ ರೀಸೆಟ್ ಮಾಡಿದರೆ ಎಲ್ಲವೂ ತಾನಾಗೇ ವಾಪಸ್. ಇಷ್ಟರಲ್ಲಿ ನನಗೆ ತಲೆ ಕೆಟ್ಟದ್ದು ಒಂದೇ ಕಡೆ, ಕೇಬಲ್. ಬೆಂಗಳೂರಿನ ಎಸ್‌ಪಿ ರೋಡಿನ ಒಂದು ಅಂಗಡಿಯಲ್ಲಿ ಡೇಟಾ ಕೇಬಲ್ಲೇ ಬೇಕು ಅಂತ ಎರಡೆರಡು ಸಲ ಹೇಳಿ ತಂದದ್ದು. ಚಾರ್ಜ್ ಆಗುತ್ತೆ, ಆದರೆ ಸೇರಿಸಿದ ಫೋನ್‌ಗಳನ್ನು ತೋರಿಸುವ ಎಡಿಬಿ ಡಿವೈಸಸ್ ಕಮಾಂಡ್ ಹೊಡೆದರೆ ಪಟ್ಟಿ ಖಾಲಿ. ಒಳಗೆ ಡೇಟಾದ ಎರಡು ತಂತಿಯೇ ಇಲ್ಲ. ಇಂಥ ಕೇಬಲ್ ಮಾರುವವರು ಅದರ ಮೇಲೆ ಚಾರ್ಜಿಂಗ್ ಮಾತ್ರ ಅಂತ ಬರೆಯಲೇಬೇಕು ಅಂತ ಒಂದು ನಿಯಮ ಬರಬೇಕು ರೀ. ಎಷ್ಟು ಜನ ಡ್ರೈವರ್ ಸರಿಯಿಲ್ಲ ಅಂದುಕೊಂಡು ಇಡೀ ಸಂಜೆ ಕಳೆದಿರುತ್ತಾರೋ.

ಆಪ್‌ಗಳೆಲ್ಲ ಹೋದ ಮೇಲೂ ಪಾಪ್-ಅಪ್ ಮಾತ್ರ ಬರುತ್ತಲೇ ಇತ್ತು. ಅದರ ಮೇಲೆ ಆಪ್ ಹೆಸರಿಲ್ಲ, ನೋಟಿಫಿಕೇಷನ್ ಹಿಸ್ಟರಿಯಲ್ಲಿ ಗುರುತಿಲ್ಲ, ಮೆಸೇಜ್ ಇನ್‌ಬಾಕ್ಸ್‌ನಲ್ಲೂ ಇಲ್ಲ. ಅದು ಪರದೆ ಮೇಲೆ ಇರುವಾಗಲೇ ಎಡಿಬಿಯಲ್ಲಿ ಡಂಪ್‌ಸಿಸ್ ವಿಂಡೋ ಹೊಡೆದು, ಪರದೆ ಈಗ ಯಾವ ಆಪ್ ಕೈಯಲ್ಲಿದೆ ಅಂತ ಹೇಳುವ ಕರೆಂಟ್ ಫೋಕಸ್ ಅನ್ನುವ ಸಾಲು ನೋಡಿದೆ. ಕಾಮ್ ಡಾಟ್ ಆಂಡ್ರಾಯ್ಡ್ ಡಾಟ್ ಎಸ್‌ಟಿಕೆ. ಅಂದರೆ ಸಿಮ್ ಟೂಲ್‌ಕಿಟ್. ಆ ಆಪ್ ಬರೀ ತೋರಿಸುವ ಕೆಲಸ ಮಾಡುತ್ತೆ, ಏನು ತೋರಿಸಬೇಕು ಅಂತ ಹೇಳುವುದು ಸಿಮ್ಮು. ಸಿಮ್ ಅನ್ನುವುದು ಪ್ರೊಸೆಸರ್ ಇರುವ ಪುಟ್ಟ ಕಂಪ್ಯೂಟರ್, ಒಳಗೆ ಜಾವಾ ಕಾರ್ಡ್ ಆ್ಯಪ್ಲೆಟ್ ಅನ್ನುವ ಪುಟ್ಟ ಪ್ರೋಗ್ರಾಂಗಳು ಓಡುತ್ತಿರುತ್ತವೆ. ಇದರಲ್ಲಿ ಒಳ್ಳೆಯದೂ ಇದೆ, ಮೊಬೈಲಿನಲ್ಲಿ ದುಡ್ಡು ಕಳಿಸುವ ಕೀನ್ಯಾದ ಎಂ-ಪೆಸಾ 2007ರಲ್ಲಿ ಶುರುವಾದದ್ದು ಇದೇ ಸಿಮ್ ಮೆನು ಮೇಲೆ. ಕೆಟ್ಟದ್ದೂ ಇದೆ, 2019ರಲ್ಲಿ ಸಿಮ್‌ಜ್ಯಾಕರ್ ಅಂತ ಸುದ್ದಿಯಾದ ದಾಳಿ ಇದೇ ದಾರಿಯಲ್ಲಿ ನುಗ್ಗಿದ್ದು.

ಸಿಮ್ ಟೂಲ್‌ಕಿಟ್ ತೆರೆದು ಮೆನುವಿನಲ್ಲಿ ಸ್ಟಾಪ್ ಒತ್ತಿ ಅನ್ನುವುದು ಎಲ್ಲರೂ ಹೇಳುವ ಮಾತು. ಒತ್ತಿದೆ. ನಿಲ್ಲಿಸಿದ್ದೇವೆ ಅಂತ ಇನ್ನೊಂದು ಪಾಪ್-ಅಪ್ ಬಂತು. ಫೋನ್ ಆಫ್ ಮಾಡಿ ಆನ್ ಮಾಡಿದರೆ ಮತ್ತೆ ಶುರು. 1909ಕ್ಕೆ ಮೆಸೇಜ್ ಕಳಿಸಿ ಡಿಎನ್‌ಡಿ ಹಾಕಿಸಿದೆ, ಜಾಹೀರಾತಿನ ಎಸ್‌ಎಂಎಸ್ ಕಡಿಮೆಯಾದವು, ಪಾಪ್-ಅಪ್ ಅಲುಗಾಡಲಿಲ್ಲ. ಆಗ ದೊಡ್ಡಮ್ಮ ಒಂದು ಮಾತು ಹೇಳಿದರು: “ಮೈಸೂರಿಗೆ ಬಂದ್ರೆ ಬರಲ್ಲ ಕಣೋ ಮಗಾ, ಊರಿಗೆ ಹೋದ್ರೆ ಬರುತ್ತೆ.”

ಇಡೀ ಗಂಟು ಬಿಚ್ಚಿದ್ದು ಆ ಮಾತಿನಿಂದ. ಅವರ ಊರು ಸಕಲೇಶಪುರದ ಆಚೆ. ಅಂಗಳದಲ್ಲಿ 4ಜಿ ಸಿಗುತ್ತೆ, ಮನೆ ಒಳಗೆ ಬಂದರೆ 2ಜಿ. ನಾನು ಅಲ್ಲಿಗೇ ಹೋಗಿ ಫೋನನ್ನು 2ಜಿಗೆ ಹಾಕಿ ಇಟ್ಟೆ, ಬಂತು. 4ಜಿ ಮಾತ್ರ ಅಂತ ಮಾಡಿದೆ, ಬರಲಿಲ್ಲ. ಮತ್ತೆ 2ಜಿ, ಮತ್ತೆ ಬಂತು. ಹಾಗಾದರೆ ಇದು ಆ ಟವರ್ ಸುತ್ತ ಇರುವ ಎಲ್ಲರಿಗೂ ಒಟ್ಟಿಗೆ ಹೋಗುವ ಸೆಲ್ ಬ್ರಾಡ್‌ಕಾಸ್ಟ್ ಅನ್ನುವ ಅನುಮಾನ ಗಟ್ಟಿಯಾಯಿತು. ಹಳೇ ಕೀಪ್ಯಾಡ್ ಫೋನ್‌ಗಳಲ್ಲಿ ಚಾನೆಲ್ 50 ಹಾಕಿದರೆ ಪರದೆ ಮೇಲೆ ಏರಿಯಾ ಹೆಸರು ಬರುತ್ತಿತ್ತಲ್ಲ, ಅದೇ ತಂತ್ರ.

ಸೆಲ್ ಬ್ರಾಡ್‌ಕಾಸ್ಟ್ ಆದರೆ ಸೆಟಿಂಗ್ಸ್‌ನಲ್ಲಿ ಚಾನೆಲ್‌ಗಳನ್ನು ಆಫ್ ಮಾಡಿದರೆ ಸಾಕಲ್ವಾ? ಮಾಡಿದೆ, ಏನೂ ಆಗಲಿಲ್ಲ. ಬಾಗಿಲಿಗೆ ಬೀಗ ಜಡಿದರೂ ಅಟ್ಟದ ಮೇಲೆ ಮೊದಲೇ ಯಾರೋ ಕೂತಿದ್ದ ಹಾಗೆ. ಕಾರಣ ಇಷ್ಟು. ಸಿಮ್ಮಿನೊಳಗೆ 6ಎಫ್48 ಅಂತ ಒಂದು ಫೈಲ್ ಇರುತ್ತೆ. ಯಾವ ಯಾವ ಚಾನೆಲ್‌ನ ಬ್ರಾಡ್‌ಕಾಸ್ಟ್ ನೇರ ತನಗೆ ಬರಬೇಕು ಅಂತ ಸಿಮ್ ಅದರಲ್ಲಿ ಬರೆದಿಟ್ಟುಕೊಂಡಿರುತ್ತೆ. ಫೋನಿನಲ್ಲಿ ನೆಟ್‌ವರ್ಕ್ ಜೊತೆ ಮಾತಾಡುವ ಚಿಪ್ಪಾದ ಮೋಡೆಮ್ ಆ ಪಟ್ಟಿ ನೋಡಿ, ಆ ನಂಬರಿನ ಮೆಸೇಜನ್ನು ಆಂಡ್ರಾಯ್ಡ್‌ಗೆ ತೋರಿಸದೆ ನೇರ ಸಿಮ್ಮಿಗೆ ಒಪ್ಪಿಸುತ್ತೆ. ಸಿಮ್ಮಿನ ಆ್ಯಪ್ಲೆಟ್ ಅದನ್ನು ಓದಿ, ಇದನ್ನು ಪರದೆ ಮೇಲೆ ಹಾಕು ಅಂತ ಫೋನಿಗೆ ಹುಕುಂ ಕೊಡುತ್ತೆ. ಸೆಟಿಂಗ್ಸ್‌ನಲ್ಲಿ ನಾವು ಆಫ್ ಮಾಡುವುದು ಆಂಡ್ರಾಯ್ಡ್‌ಗೆ ಬರುವ ಚಾನೆಲ್‌ಗಳನ್ನು. ಇದು ಆ ಕಡೆ ಬರುವುದೇ ಇಲ್ಲ.

ಇಲ್ಲಿ ಒಂದು ಮಾತು ಒತ್ತಿ ಹೇಳಬೇಕು. ಪಾಪ್-ಅಪ್ ಕಾಟಕ್ಕೆ ಬೇಸತ್ತು ಹಲವರು ಸೆಲ್‌ಬ್ರಾಡ್‌ಕಾಸ್ಟ್‌ರಿಸೀವರ್ ಪ್ಯಾಕೇಜನ್ನೇ ಕಿತ್ತು ಹಾಕುತ್ತಾರೆ. ದಯವಿಟ್ಟು ಬೇಡ. 2023ರ ಅಕ್ಟೋಬರ್‌ನಲ್ಲಿ ಕರ್ನಾಟಕದಲ್ಲಿ ಎಲ್ಲರ ಫೋನೂ ಒಟ್ಟಿಗೆ ಜೋರಾಗಿ ಬಡಿದುಕೊಂಡಿತ್ತು, ನೆನಪಿದೆಯಾ? ಅದು ದೂರಸಂಪರ್ಕ ಇಲಾಖೆಯ ವಿಪತ್ತು ಎಚ್ಚರಿಕೆಯ ಪರೀಕ್ಷೆ, ಅದನ್ನು ತೋರಿಸಿದ್ದು ಇದೇ ಪ್ಯಾಕೇಜ್. ಮಳೆಗಾಲದಲ್ಲಿ ಶಿರಾಡಿ ಘಾಟಿ ಪಕ್ಕ ಮನೆ ಇರುವವರ ಫೋನಿನಿಂದ ಅದನ್ನು ತೆಗೆಯುವ ಧೈರ್ಯ ನನಗಂತೂ ಇಲ್ಲ. ಹೇಗೂ ಸಿಮ್ ಪಾಪ್-ಅಪ್‌ಗೂ ಅದಕ್ಕೂ ಸಂಬಂಧ ಇಲ್ಲ, ತೆಗೆದರೂ ಪಾಪ್-ಅಪ್ ನಿಲ್ಲಲ್ಲ.

ಈಗ ನನಗೆ ತುಂಬಾ ಖುಷಿ ಕೊಟ್ಟ ಭಾಗ. ಊರಿನ ಜಗಲಿ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು ಲಾಗ್‌ಕ್ಯಾಟ್‌ನ ರೇಡಿಯೊ ಬಫರ್, ಅಂದರೆ ಮೋಡೆಮ್ ಕಡೆಯ ಮಾತುಕತೆಯ ದಾಖಲೆ, ಓಡಲು ಬಿಟ್ಟು ಕಾಯುತ್ತಾ ಕೂತೆ. ಪಾಪ್-ಅಪ್ ಬಂದ ಹೊತ್ತಿಗೆ ಸರಿಯಾಗಿ ಎಸ್‌ಟಿಕೆ ಪ್ರೊಆ್ಯಕ್ಟಿವ್ ಕಮಾಂಡ್ ಅನ್ನುವ ಸಾಲು, ಅದರ ಪಕ್ಕ ಹೆಕ್ಸ್, ಅಂದರೆ ಒಂದೊಂದು ಬೈಟನ್ನೂ ಎರಡೆರಡು ಅಂಕಿ-ಅಕ್ಷರಗಳಲ್ಲಿ ಬರೆದದ್ದು. ಮೊದಲ ಬೈಟ್ ಡಿ0, ಸಿಮ್ಮಿನ ಆಜ್ಞೆ ಶುರು ಅಂತ. ಅದಾದ ಮೇಲೆ ಉದ್ದ, ಆಮೇಲೆ 81 03 01 21 81, ಅದರ ಹಿಂದೆಯೇ 82 02 81 02. ಇದನ್ನು ಬಿಡಿಸಿ ಓದಿದಾಗ ಮೈ ಜುಮ್ ಅಂದಿತು. 21 ಅಂದರೆ ಡಿಸ್‌ಪ್ಲೇ ಟೆಕ್ಸ್ಟ್. 82 02 ಆದ ಮೇಲೆ ಬರುವ 81 ಕಳಿಸುತ್ತಿರುವ ಸಿಮ್ಮು, 02 ತೋರಿಸಬೇಕಾದ ಪರದೆ. ಇನ್ನು 21ರ ಪಕ್ಕದ 81 ಇದೆಯಲ್ಲ, ನಮ್ಮ ಕಾಟವೆಲ್ಲ ಆ ಒಂದು ಬೈಟ್‌ನಲ್ಲಿದೆ. ಅದನ್ನು ಎಂಟು ಬಿಟ್‌ಗಳಾಗಿ ಬಿಡಿಸಿದರೆ 10000001. ಕೊನೆಯ ಬಿಟ್ 1 ಆಗಿದ್ದರೆ ಹೈ ಪ್ರಯಾರಿಟಿ. ಮೊದಲ ಬಿಟ್ 1 ಆಗಿದ್ದರೆ ಬಳಸುವವರು ಏನಾದರೂ ಒತ್ತುವ ತನಕ ಕಾಯಬೇಕು. ಸಾಮಾನ್ಯ ಪ್ರಯಾರಿಟಿ ಆಗಿದ್ದಿದ್ದರೆ, ಬೇರೆ ಆಪ್ ತೆರೆದಿರುವಾಗ ಫೋನು ಪರದೆ ಖಾಲಿಯಿಲ್ಲ ಅಂತ ಸಿಮ್ಮಿಗೆ ಉತ್ತರ ಕೊಟ್ಟು ಸುಮ್ಮನಾಗುತ್ತಿತ್ತು. ರಾಶಿಫಲದ ಜಾಹೀರಾತಿಗೆ ಹೈ ಪ್ರಯಾರಿಟಿ ಯಾಕೆ ಬೇಕು? ಜನ ಫೋನ್ ಬಳಸುತ್ತಿರುವಾಗಲೇ ಮೇಲೆ ಬರಬೇಕು, ಬೆರಳು ಅದರ ಮೇಲೇ ಬೀಳಬೇಕು, ಅದಕ್ಕೆ ತಾನೇ?

ಆಮೇಲೆ 8ಡಿ, ಅಂದರೆ ಇನ್ನು ಮುಂದೆ ಪಠ್ಯ. 04 ಅಂದರೆ ಅಕ್ಷರಕ್ಕೊಂದು ಬೈಟ್. ಅದರ ಹಿಂದೆ 43 72 69 63 6ಬಿ 65 74, ಕ್ರಿಕೆಟ್.

ಬೇಕೆಂದೇ ಒಂದು ಸಲ ಓಕೆ ಒತ್ತಿ ನೋಡಿದೆ. 24 ಬಂತು, ಅದು ಮೆನು ತೋರಿಸಿ ಆರಿಸು ಅನ್ನುವ ಆಜ್ಞೆ. ಒಂದನ್ನು ಆರಿಸಿದೆ. ಮುಂದಿನದ್ದು ಪ್ರೊಆ್ಯಕ್ಟಿವ್ ಕಮಾಂಡ್ ಸಾಲಿನಲ್ಲಿ ಬರಲಿಲ್ಲ, ಇವೆಂಟ್ ನೋಟಿಫೈ ಅನ್ನುವ ಸಾಲಿನಲ್ಲಿ ಬಂತು, ಯಾಕಂದರೆ ಅದನ್ನು ಮೋಡೆಮ್ಮೇ ಮಾಡಿ ಮುಗಿಸುತ್ತೆ. 13. ಎಸ್‌ಎಂಎಸ್ ಕಳಿಸು. ಪಕ್ಕದಲ್ಲೇ 85 00. ಎಸ್‌ಎಂಎಸ್ ಹೋಗುತ್ತಿದೆ ಅಂತ ಬಳಸುವವರಿಗೆ ತಿಳಿಸುವ ಮಾತು ಇರಬೇಕಾದ ಜಾಗ ಅದು. ಅದು ಖಾಲಿ ಇದ್ದರೆ ಫೋನು ಏನೂ ಹೇಳಬಾರದು ಅಂತ ಅರ್ಥ. ಸೆಂಟ್ ಪಟ್ಟಿಯಲ್ಲೂ ಆ ಎಸ್‌ಎಂಎಸ್ ಕಾಣಲಿಲ್ಲ. ನಾನು ಮೆಸೇಜೇ ಕಳಿಸಿಲ್ಲ ಕಣೋ ಅಂತ ದೊಡ್ಡಮ್ಮ ಅಷ್ಟು ಸಲ ಹೇಳಿದ್ದು ನೂರಕ್ಕೆ ನೂರು ನಿಜ, ಕಳಿಸಿದ್ದು ಸಿಮ್ಮು. ಹೀಗೆ ದುಡ್ಡು ಕೊಟ್ಟು ಪಡೆಯುವ ವ್ಯಾಲ್ಯೂ ಆ್ಯಡೆಡ್ ಸೇವೆಗೆ ಎರಡು ಸಲ ಒಪ್ಪಿಗೆ ಪಡೆಯಬೇಕು ಅಂತ ಟೆಲಿಕಾಂ ನಿಯಂತ್ರಕ ಟ್ರಾಯ್ 2013ರಲ್ಲೇ ಹೇಳಿದೆ. ಒಂದೇ ಜಾಗದಲ್ಲಿ ಎರಡು ಸಲ ಬರುವ ಓಕೆ ಬಟನ್ ಹೇಗೆ ಒಪ್ಪಿಗೆ ಆಗುತ್ತೆ ಅಂತ ನನಗೆ ಅರ್ಥವಾಗಲ್ಲ. ಚಾಲೂ ಆಗಿದ್ದ ಸೇವೆಗಳನ್ನು 155223ಕ್ಕೆ ಸ್ಟಾಪ್ ಅಂತ ಕಳಿಸಿ ನಿಲ್ಲಿಸಿದೆ. ನಿಮ್ಮ ಮನೆಯ ಹಿರಿಯರ ಪ್ರೀಪೇಯ್ಡ್ ಫೋನಿನಲ್ಲೂ ಇವತ್ತೇ ಒಂದು ಸಲ ಇದನ್ನು ಮಾಡಿ ನೋಡಿ.

ಇನ್ನು ಎಸ್‌ಟಿಕೆ ತೆಗೆಯುವ ವಿಷಯ. ಆಪನ್ನು ಆಫ್ ಮಾಡುವ ಡಿಸೇಬಲ್-ಯೂಸರ್ ಕಮಾಂಡ್ ಹೊಡೆದರೆ ಆಯಿತು ಅಂತ ಹೇಳುತ್ತೆ, ಆದರೆ ರೀಸ್ಟಾರ್ಟ್ ಮಾಡಿದರೆ ಈ ಫೋನಿನಲ್ಲಿ ಅದು ಮತ್ತೆ ಎನೇಬಲ್ ಆಗುತ್ತಿತ್ತು. ಯೂಸರ್ 0ಗೆ ಅನ್‌ಇನ್‌ಸ್ಟಾಲ್ ಮಾಡಿದ ಮೇಲೆ ರೀಸ್ಟಾರ್ಟ್ ಆದರೂ ವಾಪಸ್ ಬಂದಿಲ್ಲ. ಸಿಮ್ ಹುಕುಂ ಕೊಟ್ಟರೂ ತೋರಿಸುವವರು ಇಲ್ಲ, ಓಕೆ ಬಟನ್ನೂ ಇಲ್ಲ. ಕರೆ, ಎಸ್‌ಎಂಎಸ್, ಓಟಿಪಿ, ಯುಪಿಐ ಎಲ್ಲ ಮೊದಲಿನ ಹಾಗೇ ನಡೆಯುತ್ತಿವೆ. ಇಂಟರ್ನೆಟ್ ಇಲ್ಲದೆ ಬ್ಯಾಂಕ್ ವ್ಯವಹಾರ ಮಾಡುವ *99# ಕೂಡ ನಡೆಯುತ್ತೆ, ಅದು ಯುಎಸ್‌ಎಸ್‌ಡಿ, ಅಂದರೆ ಫೋನು ನೇರ ನೆಟ್‌ವರ್ಕ್ ಜೊತೆ ನಡೆಸುವ ಸಂದೇಶ, ಎಸ್‌ಟಿಕೆಗೆ ಸೇರಿದ್ದಲ್ಲ. ವಿದೇಶಕ್ಕೆ ಹೋಗುವಾಗ ಟ್ರಾವೆಲ್ ಸಿಮ್ ಹಾಕುವವರು ಮಾತ್ರ ಹುಷಾರು, ಅಂಥ ಕೆಲವು ಸಿಮ್‌ಗಳಲ್ಲಿ ನೆಟ್‌ವರ್ಕ್ ಬದಲಿಸುವ ಮೆನು ಇದೇ ಆಪ್‌ನಲ್ಲಿ ಇರುತ್ತೆ.

ಇಷ್ಟಾದರೂ ಒಂದು ಪಾಪ್-ಅಪ್ ಉಳಿದಿದೆ. ಕರೆ ಕಟ್ ಮಾಡಿದ ತಕ್ಷಣ ಬರುವುದು, ಇಷ್ಟು ಹೊತ್ತು ಮಾತಾಡಿದಿರಿ, ಇಷ್ಟು ಖರ್ಚು, ಇಷ್ಟು ಬಾಕಿ ಅಂತ. ನೋಡಲು ಹೆಚ್ಚುಕಮ್ಮಿ ಅದೇ ಥರ ಇದೆ, ಅದಕ್ಕೇ ಎಷ್ಟೋ ಜನ ಎಸ್‌ಟಿಕೆ ತೆಗೆದರೂ ನಿಲ್ಲಲಿಲ್ಲ ಅಂತಾರೆ. ಫೋಕಸ್ ಸಾಲು ನೋಡಿದರೆ ಬೇರೆ ಹೆಸರು, ಕಾಮ್ ಡಾಟ್ ಆಂಡ್ರಾಯ್ಡ್ ಡಾಟ್ ಫೋನ್. ನೆಟ್‌ವರ್ಕ್ ಕಡೆಯಿಂದ ಬರುವ ಯುಎಸ್‌ಎಸ್‌ಡಿ ಇದು. ಆ ಪ್ಯಾಕೇಜನ್ನು ಮುಟ್ಟಲೇಬೇಡಿ, ಕರೆ ಮಾಡುವ ವ್ಯವಸ್ಥೆಯೇ ಅದರಲ್ಲಿದೆ. ಪ್ರೀಪೇಯ್ಡ್‌ನವರಿಗೆ ಕರೆಯ ಖರ್ಚನ್ನು ಎಸ್‌ಎಂಎಸ್ ಅಥವಾ ಯುಎಸ್‌ಎಸ್‌ಡಿ ಮೂಲಕ ತಿಳಿಸಬೇಕು ಅನ್ನುವುದು ಟ್ರಾಯ್‌ನ 2012ರ ಗ್ರಾಹಕ ರಕ್ಷಣಾ ನಿಯಮಗಳಲ್ಲೇ ಇದೆ, ಅದು ಬೇಕಾದ ಮಾಹಿತಿಯೇ. ಅದರ ಬಾಲಕ್ಕೆ ಜಾಹೀರಾತು ಅಂಟಿಸುವುದು ಬೇಡ. ಕಸ್ಟಮರ್ ಕೇರ್‌ಗೆ ದೂರು ಕೊಟ್ಟು ನಂಬರ್ ಬರೆದಿಟ್ಟುಕೊಂಡಿದ್ದೇನೆ, ಬಿಡುವುದಿಲ್ಲ.

ನಡುವೆ ಇನ್ನೊಂದು ತಲೆಯಲ್ಲಿ ಓಡುತ್ತಿದೆ. ಅಮೆರಿಕದಿಂದ ತಮ್ಮ ತಂದುಕೊಟ್ಟ ಹಳೇ ಫೋನ್ ಒಂದು ಮನೆಯಲ್ಲಿದೆ. ಅಲ್ಲಿನ ಸಿಮ್ ಕಂಪನಿಗೆ ಲಾಕ್ ಆಗಿರುವುದು, ಬೂಟ್‌ಲೋಡರ್ ತೆರೆದು ಬೇರೆ ಆಂಡ್ರಾಯ್ಡ್ ಹಾಕಲೂ ಆಗಲ್ಲ, ಇಲ್ಲಿನ ಸಿಮ್ ಹಿಡಿಯಲ್ಲ. ಆದರೆ ವೈಫೈ ಇದೆ, ಸ್ಪೀಕರ್ ಚೆನ್ನಾಗಿದೆ. ಅದರಿಂದ ಎಲ್ಲ ಆಪ್ ಕಿತ್ತು, ಆನ್ ಮಾಡಿದರೆ ಆಕಾಶವಾಣಿ ಮಾತ್ರ ಹಾಡುವ ಹಾಗೆ ಮಾಡಿ ದೊಡ್ಡಮ್ಮನ ಅಡುಗೆಮನೆಗೆ ಕೊಡಬೇಕು. ದೊಡ್ಡ ಬಟನ್ ಒಂದೇ ಇರುವ ಲಾಂಚರ್ (ಹೋಮ್ ಸ್ಕ್ರೀನ್ ಆಪ್) ಹುಡುಕುತ್ತಿದ್ದೇನೆ.

ಅದಕ್ಕಿಂತ ಮೊದಲು ಸಿಮ್ ಕಾರ್ಡ್ ರೀಡರ್. ಆನ್‌ಲೈನ್‌ನಲ್ಲಿ ತರಿಸಿದೆ, ರೀಡರ್ ಸರಿಯಿದೆ, ಜೊತೆಗೆ ಬರಬೇಕಿದ್ದ ನ್ಯಾನೋ ಸಿಮ್ ಅಡಾಪ್ಟರ್ ಬದಲು ಮೈಕ್ರೋದ್ದು ಕಳಿಸಿದ್ದಾರೆ. ನ್ಯಾನೋ ಸಿಮ್ ಇಟ್ಟರೆ ಅಲುಗಾಡಿ ಕಾಂಟ್ಯಾಕ್ಟ್ ತಪ್ಪುತ್ತೆ. ಬದಲಿ ಬಂದ ತಕ್ಷಣ ಓಸ್ಮೊಕಾಮ್ ಪ್ರಾಜೆಕ್ಟಿನವರ ಪೈಸಿಮ್ ಅನ್ನುವ ಸಿಮ್ ಓದುವ ಸಾಫ್ಟ್‌ವೇರ್ ಹಾಕಿ ಆ 6ಎಫ್48 ಫೈಲ್ ಓದಬೇಕು. ಓದಲು ಸಿಮ್ ಪಿನ್ ಸಾಕು. ಬರೆಯಲು ಎಡಿಎಂ ಅನ್ನುವ ಗುಪ್ತ ಕೀ ಬೇಕು, ಅದು ಕಂಪನಿ ಹತ್ತಿರ ಮಾತ್ರ ಇರುತ್ತೆ. ಊಹಿಸಿ ಹೊಡೆಯಲು ಹೋಗಬೇಡಿ, ತಪ್ಪು ಕೀ ಕೊಡುತ್ತಾ ಹೋದರೆ ಆ ಬಾಗಿಲು ಕಾಯಂ ಮುಚ್ಚುತ್ತೆ. ನನಗೆ ಚಾನೆಲ್ ನಂಬರ್‌ಗಳು ಸಿಕ್ಕರೆ ಸಾಕು, ಯಾವ ನಂಬರಿನಲ್ಲಿ ಜಾಹೀರಾತು ಬರುತ್ತಿದೆ ಅಂತ ದೂರಿನಲ್ಲೇ ಬರೆದು ಕೊಡಬಹುದು. ನಿಮ್ಮ ಹತ್ತಿರ ರೀಡರ್ ಇದ್ದರೆ ನೀವೂ ನಿಮ್ಮ ಸಿಮ್ಮಿನ ಆ ಫೈಲ್ ಓದಿ ಇಟ್ಟುಕೊಂಡಿರಿ. ಬೇರೆ ಬೇರೆ ಊರಿನಲ್ಲಿ ತೆಗೆದುಕೊಂಡ ಸಿಮ್‌ಗಳಲ್ಲಿ ಒಂದೇ ನಂಬರ್ ಇದೆಯಾ, ಬೇರೆ ಬೇರೆಯಾ ಅಂತ ಹೋಲಿಸಿ ನೋಡೋಣ.