ಕೊಕ್ಕರೆಬೆಳ್ಳೂರಿಗೆ ಹೊರಟಿದ್ದೀರಾ? ಟೋಪಿ ಮರೆಯಬೇಡಿ

ಮೊದಲೇ ಹೇಳಿಬಿಡುತ್ತೇನೆ, ಊರೊಳಗೆ ಹುಣಸೆಮರದ ಕೆಳಗೆ ಕಾರು ನಿಲ್ಲಿಸಬೇಡಿ. ನೆರಳು ಸಿಕ್ಕಿತಲ್ಲ ಅಂತ ನಾವು ನಿಲ್ಲಿಸಿದೆವು. ಅರ್ಧ ಗಂಟೆ ಬಿಟ್ಟು ಬಂದರೆ ಗಾಜಿಗೆಲ್ಲ ಸುಣ್ಣ ಬಳಿದ ಹಾಗಿತ್ತು. ಮೀನಿನ ನಾತ ಬೇರೆ. ಈ ಹಳ್ಳಿಯ ಮರಗಳಲ್ಲಿ ಹೆಜ್ಜಾರ್ಲೆ (ಪೆಲಿಕನ್), ಕೊಕ್ಕರೆಗಳು ಗೂಡು ಕಟ್ಟಿ ಮರಿ ಮಾಡುತ್ತವೆ, ಅವುಗಳ ಹಿಕ್ಕೆ ಅದು.

ದಾರಿ ಸುಲಭ. ಬೆಂಗಳೂರಿನಿಂದ ಮೈಸೂರು ಕಡೆ ಹೊರಟರೆ ಚನ್ನಪಟ್ಟಣ ದಾಟಿದ ಮೇಲೆ, ಮದ್ದೂರಿಗೆ ಮೊದಲು, ರುದ್ರಾಕ್ಷಿಪುರದಲ್ಲಿ ಎಡಕ್ಕೆ ತಿರುಗಬೇಕು. ಅಲ್ಲಿಂದ ಸುಮಾರು 12 ಕಿ.ಮೀ. ನಾವು ಎಕ್ಸ್‌ಪ್ರೆಸ್‌ವೇ ಭರದಲ್ಲಿ ಸರ್ವಿಸ್ ರಸ್ತೆಗೆ ಇಳಿಯೋದನ್ನೇ ಮರೆತು ಮದ್ದೂರಿನ ತನಕ ಹೋಗಿ ವಾಪಸ್ ಬಂದೆವು. ವಡೆ ತಿಂದದ್ದಷ್ಟೇ ಲಾಭ.

ಜನವರಿಯಿಂದ ಏಪ್ರಿಲ್ ಒಳಗೆ ಹೋಗಿ, ಬಿಸಿಲೇರುವ ಮೊದಲೇ ತಲುಪಿ. ಬೈನಾಕ್ಯುಲರ್ ಇಲ್ಲದಿದ್ದರೂ ನಡೆಯುತ್ತದೆ. ಗೂಡುಗಳಿರುವುದು ಮನೆಗಳ ಹಿತ್ತಲಲ್ಲೇ. ಹೆಂಚಿನ ಮೇಲೆ ಚಾಚಿದ್ದ ಒಂದು ಕೊಂಬೆಯಲ್ಲಿ ಹೆಜ್ಜಾರ್ಲೆ ಮರಿ ತಾಯಿಯ ಗಂಟಲೊಳಗೆ ಕುತ್ತಿಗೆ ತನಕ ತಲೆ ತೂರಿಸಿ ಮೀನು ಕೀಳುತ್ತಿತ್ತು. ತಾಯಿ ಬೀಳದಂತೆ ರೆಕ್ಕೆ ಅಗಲಿಸಿ ತೂಗಾಡುತ್ತಿತ್ತು. ಕೆಳಗೆ ಅಜ್ಜಿಯೊಬ್ಬರು ತಲೆ ಕೂಡ ಎತ್ತದೆ ಪಾತ್ರೆ ತಿಕ್ಕುತ್ತಿದ್ದರು. ಪಕ್ಕದ ಮರದ ತುಂಬ ಬಣ್ಣದ ಕೊಕ್ಕರೆಗಳು.

"ಈ ವಾಸನೆಗೆ ಬೇಜಾರಾಗಲ್ವಾ ಅಜ್ಜಿ?" ಅಂದೆ.

"ಹೆಣ್ಮಕ್ಳು ಬಾಣಂತನಕ್ಕೆ ತವರಿಗೆ ಬಂದವೆ ಕಣವ್ವ. ವಾಸ್ನೆ ಅಂತ ಓಡ್ಸಕ್ಕಾಯ್ತದಾ?"

ಹಾಗಂತ ಇದು ಪುಕ್ಕಟೆಯ ಪ್ರೀತಿಯೇನಲ್ಲ. ಗೂಡಿರುವ ಮರದ ಹುಣಸೆಹಣ್ಣಿನ ಆಸೆ ಬಿಡಬೇಕು. ಬರುವ ಪರಿಹಾರದ ದುಡ್ಡು ಅದಕ್ಕೆ ಸಮ ಅಲ್ಲ ಅಂದರು. ಹಿಕ್ಕೆ ಮಾತ್ರ ಹೊಲಕ್ಕೆ ಒಳ್ಳೆ ಗೊಬ್ಬರ. 2007ರಲ್ಲಿ ಇದನ್ನು ಸಮುದಾಯ ಮೀಸಲು ಪ್ರದೇಶ ಅಂತ ಘೋಷಿಸಿದರು. ಅದಕ್ಕೂ ಮುಂಚಿನಿಂದಲೇ ಊರಿನ ಹುಡುಗರ 'ಹೆಜ್ಜಾರ್ಲೆ ಬಳಗ' ಗೂಡಿನಿಂದ ಬಿದ್ದ ಮರಿಗಳನ್ನು ಎತ್ತಿಕೊಂಡು ಹೋಗಿ ಮೀನು ತಿನ್ನಿಸಿ ಸಾಕುತ್ತಿದೆ. ಬಿದ್ದ ಮರಿ ಕಂಡರೆ ನೀವು ಮುಟ್ಟಲು ಹೋಗಬೇಡಿ, ಊರವರಿಗೆ ಹೇಳಿ.

ಇನ್ನೊಂದು. ಇದು ಮೃಗಾಲಯ ಅಲ್ಲ, ಜನ ಸಂಸಾರ ಮಾಡುವ ಊರು. ಫೋಟೋ ಚೆನ್ನಾಗಿ ಬರುತ್ತದೆ ಅಂತ ಸುಮ್ನೆ ಹಿತ್ತಲಿಗೆ ನುಗ್ಗಬೇಡಿ. ಬಾಗಿಲಲ್ಲಿ ನಿಂತು ಒಂದು ಮಾತು ಕೇಳಿದರೆ ಸಾಕು, ಒಳ್ಳೆಯ ಜಾಗ ಅವರೇ ತೋರಿಸುತ್ತಾರೆ. ಹಾರ್ನ್, ಡ್ರೋನ್ ಬೇಡವೇ ಬೇಡ. ನೀರು, ತಿಂಡಿ ಕಟ್ಟಿಕೊಂಡೇ ಹೋಗಿ.

ಹೊರಡುವಾಗ ಅದೇ ಅಜ್ಜಿ ಒಂದು ಬಕೆಟ್ ನೀರು, ತೆಂಗಿನ ನಾರು ತಂದುಕೊಟ್ಟರು. "ಮರದಡಿ ನಿಲ್ಲಿಸ್ಬ್ಯಾಡಿ ಅಂತ ಆಗ್ಲೇ ಕೂಗ್ದೆ. ಗಾಜು ಏರ್ಸ್ಕಂಡಿದ್ರಿ, ಎಲ್ಲಿ ಕೇಳ್ತದೆ?"