ಬೆಳಗಾವಿಯ ಮೆಟಲ್ ಶೋ ರೆಕಾರ್ಡ್ ಮಾಡಿ ಇಡುವ ಬಗೆ

ಬೆಳಗಾವಿಯಲ್ಲಿ ಮೆಟಲ್ (ಜೋರು ಗಿಟಾರ್, ಡ್ರಮ್ಮಿನ ರಾಕ್ ಸಂಗೀತ) ಬ್ಯಾಂಡ್ ಕಟ್ಟುವವರು ಹೆಚ್ಚಾಗಿ ಇಂಜಿನಿಯರಿಂಗ್ ಹುಡುಗರು. ಕೋರ್ಸ್ ಮುಗಿದದ್ದೇ ತಡ, ಒಬ್ಬ ಪುಣೆಗೆ, ಇನ್ನೊಬ್ಬ ಬೆಂಗಳೂರಿಗೆ. ಅಲ್ಲಿಗೆ ಬ್ಯಾಂಡೂ ಮುಗಿಯಿತು. ಅವರು ಸ್ವಂತ ಕಟ್ಟಿದ ಹಾಡುಗಳಲ್ಲಿ ಉಳಿಯುವುದು ಯಾರದೋ ಫೋನಿನ ಮೂವತ್ತು ಸೆಕೆಂಡಿನ ತುಣುಕು ಮಾತ್ರ. 2007ರಲ್ಲಿ ಬ್ರಿಟನ್ನಿನ ಮೆಟಲ್ ಬ್ಯಾಂಡ್ ಐರನ್ ಮೇಡನ್ ಬೆಂಗಳೂರಿನ ಅರಮನೆ ಮೈದಾನಕ್ಕೆ ಬಂದದ್ದರ ದಾಖಲೆ ಬೇಕಾದಷ್ಟು ಸಿಗುತ್ತದೆ. ನಮ್ಮ ಬೆಳಗಾವಿ ಟಿಳಕವಾಡಿಯ ಹಾಲ್‌ನಲ್ಲಿ ನಲವತ್ತು ಜನರ ಮುಂದೆ ನುಡಿಸಿದ್ದನ್ನು ನಾವೇ ಉಳಿಸಿಕೊಳ್ಳಬೇಕು.

ಫೋನ್ ಇದಕ್ಕೆ ಆಗಿಬರುವುದಿಲ್ಲ. ಜೋರು ಸದ್ದು ಬಿದ್ದ ಕೂಡಲೇ ಅದು ತಾನಾಗಿ ಗೇನ್ (ಸದ್ದು ಹಿಡಿಯುವ ಮಟ್ಟ) ಇಳಿಸುತ್ತದೆ; ಡಬಲ್ ಬೇಸ್ ಡ್ರಮ್ ಶುರುವಾದರೆ ಗಿಟಾರ್ ಮುಳುಗಿ ಏಳುತ್ತಿರುತ್ತದೆ. ನಾಲ್ಕು ಟ್ರ್ಯಾಕಿನ (ನಾಲ್ಕು ಸದ್ದನ್ನು ಬೇರೆ ಬೇರೆಯಾಗಿ ಹಿಡಿಯುವ) ಕೈ ರೆಕಾರ್ಡರ್ ಒಂದಿದ್ದರೆ ಸಾಕು: ಎರಡು ಟ್ರ್ಯಾಕ್ ಮಿಕ್ಸರ್‌ನಿಂದ (ಸೌಂಡ್‌ನವರು ಎಲ್ಲ ಮೈಕುಗಳ ಸದ್ದು ಕೂಡಿಸುವ ಯಂತ್ರ), ಎರಡು ರೆಕಾರ್ಡರ್‌ನದೇ ಮೈಕಿನಿಂದ.

ಬರೀ ಮಿಕ್ಸರ್ ಫೀಡ್ (ಮಿಕ್ಸರ್‌ನಿಂದ ನೇರ ಬರುವ ಸದ್ದು) ನಂಬಿದವರು ಭಾಳ ಸಲ ಮೋಸ ಹೋಗುತ್ತಾರೆ. ಸಣ್ಣ ಹಾಲ್‌ನಲ್ಲಿ ಗಿಟಾರ್ ಆಂಪ್ ವೇದಿಕೆಯ ಮೇಲೇ ಸಾಕಷ್ಟು ಜೋರಾಗಿರುತ್ತದೆ, ಹಾಗಾಗಿ ಸೌಂಡ್‌ನವರು ಅದನ್ನು ಮಿಕ್ಸರ್‌ಗೆ ಕೊಡುವುದೇ ಕಡಿಮೆ. ಫೀಡ್‌ನಲ್ಲಿ ಬರುವುದು ದನಿ ಮತ್ತು ಕಿಕ್ (ಕಾಲಿನಿಂದ ಬಾರಿಸುವ ಡ್ರಮ್) ಅಷ್ಟೇ. ಗಿಟಾರ್ ಸಿಗುವುದು ಹಾಲ್‌ನ ಸದ್ದು ಹಿಡಿಯುವ ರೆಕಾರ್ಡರ್ ಮೈಕಿನಲ್ಲಿ. ರೆಕಾರ್ಡರ್ ಅನ್ನು ಸ್ಟ್ಯಾಂಡಿಗೆ ಹಾಕಿ, ಜನರ ತಲೆಗಿಂತ ಮೇಲೆ, ಸುಮಾರು ಎಂಟಡಿ ಎತ್ತರದಲ್ಲಿ ನಿಲ್ಲಿಸಿ. ಹಿಂದಿನ ಗೋಡೆಗೆ ಆನಿಸಬೇಡಿ, ಅಲ್ಲಿ ಬೇಸ್ ಕಟ್ಟಿಕೊಂಡು ಉಳಿದದ್ದೆಲ್ಲ ಮಸುಕಾಗುತ್ತದೆ.

ಮಿಕ್ಸರ್‌ನಿಂದ ಬರುವುದು ಲೈನ್ ಲೆವೆಲ್, ಅಂದರೆ ಮೈಕಿನದಕ್ಕಿಂತ ಬಹಳ ಜೋರಾದ ಸಿಗ್ನಲ್. ಮೈಕ್ ಲೆವೆಲ್‌ನಲ್ಲಿ ತೆಗೆದುಕೊಂಡರೆ ಮೊದಲ ಏಟಿಗೇ ಸದ್ದು ಒಡೆಯುತ್ತದೆ. ರೆಕಾರ್ಡರ್‌ನಲ್ಲಿ ಲೈನ್ ಆಯ್ಕೆ ಮಾಡಿ, 48 ವೋಲ್ಟ್ ಫ್ಯಾಂಟಮ್ (ಮೈಕಿಗೆ ಕರೆಂಟ್ ಕೊಡುವ ಸ್ವಿಚ್) ಬಂದ್ ಮಾಡಿ. ಸೌಂಡ್ ಚೆಕ್‌ನಲ್ಲಿ ಅತಿ ಜೋರಿನ ಹಾಡು ನುಡಿಸಲು ಹೇಳಿ, ರೆಕಾರ್ಡರ್ ಮೀಟರಿನಲ್ಲಿ ಪೀಕ್ (ಸದ್ದಿನ ತುದಿ) ಮೈನಸ್ 12 ಡೆಸಿಬೆಲ್ ದಾಟದಂತೆ ಗೇನ್ ಇಡಿ; ಸೊನ್ನೆ ಮುಟ್ಟಿದರೆ ಸದ್ದು ಒಡೆಯುತ್ತದೆ. ಜನ ಸೇರಿದ ಮೇಲೆ ಡ್ರಮ್ಮರ್ ಇನ್ನೂ ಜೋರಾಗಿ ಬಾರಿಸುತ್ತಾನೆ, ಆ ಜಾಗ ಅವನಿಗಾಗಿ. ಕರೆಂಟಿನ ಗುಂಯ್ ಎಂಬ 50 ಹರ್ಟ್ಸ್ ಸದ್ದು ಬಂದರೆ ಪ್ಲಗ್ಗಿನ ಅರ್ಥ್ ಪಿನ್ ಕೀಳಬೇಡಿ, ಜೀವಕ್ಕೇ ಅಪಾಯ. ಮಿಕ್ಸರ್ ಮತ್ತು ರೆಕಾರ್ಡರ್ ನಡುವೆ ಲೈನ್ ಲೆವೆಲ್‌ನ ಐಸೊಲೇಷನ್ ಟ್ರಾನ್ಸ್‌ಫಾರ್ಮರ್ (ತಂತಿಯ ನೇರ ಸಂಪರ್ಕ ಕಡಿದು ಸದ್ದನ್ನಷ್ಟೇ ದಾಟಿಸುವ ಪೆಟ್ಟಿಗೆ) ಹಾಕಿ. ಇಲ್ಲವಾದರೆ ರೆಕಾರ್ಡರ್ ಅನ್ನು ಬ್ಯಾಟರಿ ಮೇಲೆ ಓಡಿಸಿ ನೋಡಿ.

48 ಕಿಲೋಹರ್ಟ್ಸ್, 24 ಬಿಟ್ ಗುಣಮಟ್ಟದಲ್ಲಿ ನಾಲ್ಕು ಟ್ರ್ಯಾಕಿಗೆ ಗಂಟೆಗೆ ಸುಮಾರು 2 ಜಿಬಿ ಜಾಗ ಬೇಕು. ಆಮೇಲೆ ಮಿಕ್ಸರ್ ಮತ್ತು ಮೈಕಿನ ಟ್ರ್ಯಾಕುಗಳನ್ನು ಕಂಪ್ಯೂಟರಿನಲ್ಲಿ ಬೆರೆಸುವಾಗ ಒಂದು ತೊಡಕಿದೆ: ಸದ್ದು ಒಂದು ಮೀಟರ್ ದಾಟಲು ಹತ್ತಿರ ಹತ್ತಿರ 3 ಮಿಲಿಸೆಕೆಂಡ್. ಸ್ಪೀಕರ್‌ನಿಂದ ಹತ್ತು ಮೀಟರ್ ದೂರ ನಿಂತ ಮೈಕಿನಲ್ಲಿ ಕಿಕ್ 29 ಮಿಲಿಸೆಕೆಂಡ್ ತಡವಾಗಿ ಬಂದು, ಪ್ರತಿ ಏಟೂ ಎರಡೆರಡು ಸಲ ಬಿದ್ದಂತೆ ಕೇಳುತ್ತದೆ. ಪರದೆಯ ಮೇಲೆ ಒಂದು ಕಿಕ್ ಏಟನ್ನು ದೊಡ್ಡದು ಮಾಡಿ, ಮೈಕಿನ ಟ್ರ್ಯಾಕ್ ಎಡಕ್ಕೆ, ಅಂದರೆ ಬೇಗ ಬರುವಂತೆ, ಸರಿಸಿ ಎರಡೂ ಮೊನೆ ಕೂಡಿಸಿ. ಒಂದೇ ರೆಕಾರ್ಡರ್ ಆದ್ದರಿಂದ ಕೊನೆಯವರೆಗೂ ಕೂಡಿಯೇ ಇರುತ್ತದೆ. ಎರಡು ಬೇರೆ ಯಂತ್ರಗಳಾದರೆ ಅವುಗಳ ಗಡಿಯಾರ ತುಸು ತುಸು ಬೇರೆಯಾಗಿ, ಗಂಟೆ ಕಳೆಯುವಷ್ಟರಲ್ಲಿ ಮತ್ತೆ ಜಾರುತ್ತದೆ.

ಫೈಲಿನ ಹೆಸರಲ್ಲಿ ಮೊದಲು ವರ್ಷ, ತಿಂಗಳು, ದಿನ, ಆಮೇಲೆ ಜಾಗ, ಬ್ಯಾಂಡ್. ಎರಡು ಪ್ರತಿ ಬೇರೆ ಬೇರೆ ಮನೆಯಲ್ಲಿರಲಿ. ಇಲ್ಲಿನ ಮಳೆಗಾಲದ ತೇವಕ್ಕೆ ಹಾರ್ಡ್ ಡಿಸ್ಕ್ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪುಡಿಕೆ ಇಡಿ. ಹಂಚುವ ಮೊದಲು ಬ್ಯಾಂಡಿನ ಎಲ್ಲರಿಂದ ಒಪ್ಪಿಗೆ ಬರೆಸಿಕೊಳ್ಳಿ.

ಗ್ರೌಲ್‌ನಲ್ಲಿ (ಗಂಟಲಿನಿಂದ ಗುರುಗುಟ್ಟುವ ಮೆಟಲ್ ದನಿಯಲ್ಲಿ) ಹಾಡಿದ ಕನ್ನಡದ ಸಾಲು ಎಷ್ಟು ಚಂದ ರೆಕಾರ್ಡ್ ಆದರೂ ಆಮೇಲೆ ಬಿಡಿಸಿಕೊಳ್ಳಲು ಆಗುವುದಿಲ್ಲ. ಅಂದೇ ಹಾಡುಗಾರನ ನೋಟ್‌ಬುಕ್ಕಿನ ಫೋಟೋ ತೆಗೆದು, ಪಕ್ಕದಲ್ಲಿ ಗಿಟಾರ್ ಯಾವ ಟ್ಯೂನಿಂಗ್‌ನಲ್ಲಿತ್ತು, ಡ್ರಾಪ್ ಸಿ ಅಥವಾ ಡ್ರಾಪ್ ಡಿ (ಅತಿ ದಪ್ಪ ತಂತಿಯನ್ನು ಸಿ ಅಥವಾ ಡಿ ಸ್ವರಕ್ಕೆ ಇಳಿಸಿದ್ದು), ಅದನ್ನೂ ಬರೆದಿಡಿ.